ಕುಪ್ಪಿಯ ತಳದ ಉಪ್ಪು

ನವೆಂಬರ್ ೧೨, ೧೫೯೫. ಸಂತ ಮಾರ್ಟಿನನ ಹಬ್ಬದ ಮರುದಿನ

ತೋಬಿಯಾಶ್ ಗುರುಗಳು ಹಾಳಾದ ಕಾಗದದ ಒಂದು ಕಟ್ಟು ಕೊಟ್ಟರು. ಜಾಡಿಗಳಿಗೆ ಅಂಟಿಸುವ ಚೀಟಿಯಲ್ಲಿ ನನ್ನ ಅಕ್ಷರ ಕೋಳಿ ಕೆದಕಿದ ಹಾಗಿರುತ್ತದಂತೆ. ದಿನಾ ಒಂದಿಷ್ಟು ಬರೆದು ಕೈ ಪಳಗಿಸಿಕೋ ಅಂದರು. ಏನು ಬರೆಯಲಿ ಅಂದೆ. "ನಿನಗೆ ಮಾತಿಗೇನು ಬರವೇ ವೋರ್ಶಿಲಾ? ಬಾಯಿಗೆ ಬಂದದ್ದೇ ಬರಿ. ನಾನಂತೂ ಓದಲ್ಲ" ಅಂದರು. ಯಾರೂ ಓದದಿದ್ದರೆ ಸರಿ, ಇದ್ದದ್ದನ್ನು ಇದ್ದ ಹಾಗೆ ಬರೆಯಬಹುದು.

ಹದಿನೆಂಟು ವರ್ಷದಿಂದ ಈ ಭಟ್ಟಿಮನೆಯಲ್ಲಿ ಕುಪ್ಪಿ ತೊಳೆಯುತ್ತಿದ್ದೇನೆ. ಕೋಟೆಯೊಳಗೆ ಪ್ರಭುಗಳು ಸಾಕಿಕೊಂಡಿರುವ ಬೇರೆ ರಸವಾದಿಗಳು ಸೀಸವನ್ನು ಚಿನ್ನ ಮಾಡುತ್ತೇವೆಂದು ಹೊಗೆ ಕುಡಿದು ಕೆಮ್ಮುತ್ತಾರೆ. ನಮ್ಮ ಗುರುಗಳದು ಬೇರೆ ಕವಲು. ಅವರು ಭಟ್ಟಿ ಇಳಿಸುವುದು ಮನಸ್ಸನ್ನು. ಭಯವೋ ದುಃಖವೋ ಹಂಬಲವೋ ತಡೆಯಲಾರದಷ್ಟಾದಾಗ ಜನ ಇಲ್ಲಿಗೆ ಬರುತ್ತಾರೆ. ಕುಪ್ಪಿಯ ಬಾಯಿಗೆ ಮುಖವಿಟ್ಟು, ಬೇರುಗಳ ಆವಿಯಲ್ಲಿ ತಮ್ಮ ಸಂಕಟ ಹೇಳಿಕೊಂಡು ಅಳುತ್ತಾರೆ. ಉಸಿರು, ಕಣ್ಣೀರು, ಆವಿ ಕೂಡಿ ಮೇಲಕ್ಕೇರಿ, ಕೊಳವೆಯಿಂದ ತಿಳಿನೀರಾಗಿ ಇಳಿಯುತ್ತದೆ. ಅದನ್ನು ಕುಡಿದು ಹಗುರಾಗಿ ಮನೆಗೆ ಹೋಗುತ್ತಾರೆ. ಸಂಕಟವೆಲ್ಲ ಬೂದುಬಣ್ಣದ ಉಪ್ಪಾಗಿ ಕುಪ್ಪಿಯ ತಳದಲ್ಲಿ ಉಳಿಯುತ್ತದೆ. ಅದಕ್ಕೆ ನಮ್ಮಲ್ಲಿ 'ಸತ್ತ ತಲೆ' ಅನ್ನುತ್ತಾರೆ. ಅದನ್ನು ಕೆರೆದು, ಹಿಂದಿರುಗಿ ನೋಡದೆ, ಹರಿಯುವ ಕಾಲುವೆಗೆ ಚೆಲ್ಲುವುದು ನನ್ನ ಕೆಲಸ. ಆಮೇಲೆ ಕಾಲುವೆಯ ನೀರಿನಲ್ಲೇ ಮರಳು, ಬೂದಿ ಹಾಕಿ ಉಜ್ಜಿ, ಗಾಜಿಗೆ ನಾಲಿಗೆಯ ತುದಿ ತಾಗಿಸಿ ನೋಡಬೇಕು. ಉಪ್ಪು ಹತ್ತಿದರೆ ಇನ್ನೊಮ್ಮೆ ತೊಳೆಯಬೇಕು. ಅಮ್ಮ ಕಲಿಸಿದ್ದು. ಕಣ್ಣಿಗೆ ಕಾಣದ ಕೊಳೆ ನಾಲಿಗೆಗೆ ತಿಳಿಯುತ್ತದೆ.

ಇವತ್ತು ಸಲೊಮೇನಾ ಬಂದಿದ್ದಳು. ನಮ್ಮ ತ್ರೆಬೊನ್ ಊರಿನ ಮೀನುಕೆರೆಗಳಿಗೆಲ್ಲ ಅಧಿಕಾರಿಯಾಗಿದ್ದವನ ವಿಧವೆ. ಒಬ್ಬನೇ ಮಗ ಪ್ರೊಕೋಪ್, ತುರ್ಕರ ಮೇಲಿನ ಯುದ್ಧಕ್ಕೆಂದು ಹಂಗೇರಿಗೆ ಹೋಗಿದ್ದಾನೆ. ಬೇಸಗೆಯಿಂದ ಪತ್ರವಿಲ್ಲ. "ಅವನ ಹಂಬಲ ಕಿತ್ತು ತೆಗೆದುಬಿಡಿ ಗುರುಗಳೇ, ಇಲ್ಲಾಂದ್ರೆ ನಾನು ಯಾವುದಾದ್ರೂ ಕೆರೆ ನೋಡ್ಕೋತೀನಿ" ಎಂದು ಗೋಳಾಡಿದಳು. ಚಳಿಗಾಲದಲ್ಲಿ ನಾವು ಭಟ್ಟಿ ಹಚ್ಚುವುದಿಲ್ಲ. ಕಾಲುವೆ ಹೆಪ್ಪುಗಟ್ಟಿದರೆ ಉಪ್ಪು ಚೆಲ್ಲಲು ಹರಿಯುವ ನೀರಿರುವುದಿಲ್ಲ. ಆದರೂ ಗುರುಗಳ ಮನಸ್ಸು ಕರಗಿತು. ಏಳು ಸಲ ಕೂರಬೇಕು ಅಂದರು.

ಬೀದಿಯುದ್ದಕ್ಕೂ ಮೂಗು ಸೀಟುತ್ತಾ ಅಳುತ್ತಾ ಹೋದಳು. ಜನ ನೋಡುತ್ತಾರೆ ಅನ್ನುವುದೂ ಬೇಡವೇ! ಮಕ್ಕಳಿಲ್ಲದ ನಾನು ಎಷ್ಟು ಹಾಯಾಗಿದ್ದೇನೆ.

ನವೆಂಬರ್ ೨೫. ಸಂತ ಕಾತೆರಿನಾಳ ದಿನ

ಮೊದಲ ಸಲ ಕೂತಳು. ಮಗನ ಚಿಕ್ಕಂದಿನ ಅಂಗಿಯೊಂದನ್ನು ಮಡಿಲಲ್ಲಿಟ್ಟುಕೊಂಡಿದ್ದಳು. ತೊಳೆಯುವ ಕೋಣೆಗೆ ಎಲ್ಲ ಕೇಳಿಸುತ್ತಿತ್ತು. ಕೆರೆ ಬಸಿದು ಮೀನು ಹಿಡಿಯುವಾಗ ಹುಡುಗ ಎಲ್ಲರಿಗಿಂತ ಮೊದಲು ಸೊಂಟದವರೆಗೆ ಕೆಸರಿಗಿಳಿಯುತ್ತಿದ್ದನಂತೆ. ಬಲೆಯ ಕೊಕ್ಕೆ ತಗುಲಿ ಎಡಗಿವಿಯ ಅಂಚು ಹರಿದಿದೆಯಂತೆ. ಎರಡು ಗಂಟೆ ಇದೇ ಪುರಾಣ.

ಒಲೆಗೆ ಇದ್ದಿಲು ಹಾಕುವ ಬಾರ್ತೋಶ್ ಮುದುಕ ಬಂದು ನನ್ನ ಪಕ್ಕ ಕೂತ. "ಕೇಳಿದ್ಯಾ ವೋರ್ಶಿಲಾ? ನಮ್ಮಮ್ಮ ನನ್ನ ಕಿವಿ ಹಿಂಡಿದ್ದೇ ಹೊರತು ಯಾವ ಅಂಚು ಹರಿದಿದೆ ಅಂತ ನೋಡ್ಲಿಲ್ಲ" ಅಂದ.

"ನಿನ್ನ ಕಿವಿ ನೋಡೋ ಹಾಗಿದ್ರೆ ತಾನೇ ಬಾರ್ತೋಶಣ್ಣ" ಅಂದೆ. ಇಬ್ಬರೂ ನಕ್ಕೆವು. ಕುಪ್ಪಿಯ ತಳದಲ್ಲಿ ಉಪ್ಪು ದಪ್ಪಗೆ ಕಟ್ಟಿತ್ತು. ಕಾಲುವೆಗೆ ಚೆಲ್ಲಿ ಬಂದೆ.

ಡಿಸೆಂಬರ್ ೪. ಸಂತ ಬಾರ್ಬೊರಾಳ ದಿನ

ಎರಡನೆಯ ಸಲ ಮುಗಿಯಿತು. ಕಾಲುವೆ ಕಲ್ಲಾಗಿದೆ. ಬಾರ್ತೋಶ್ ಕೊಡಲಿಯಲ್ಲಿ ಹೊಡೆದರೂ ನೀರು ಕಾಣಲಿಲ್ಲ. ಉಪ್ಪನ್ನು ಒಂದು ಮಣ್ಣಿನ ಜಾಡಿಗೆ ತುಂಬಿ, ಮೇಣ ಹಚ್ಚಿ, ನನ್ನ ಕೋಣೆಯ ಗೂಡಿನಲ್ಲಿಟ್ಟೆ. ವಸಂತದಲ್ಲಿ ಚೆಲ್ಲಿದರಾಯಿತು. ಬಾವಿಯಿಂದ ಹೊತ್ತು ತಂದ ಒಂದೇ ತೊಟ್ಟಿ ನೀರಲ್ಲಿ ಎಲ್ಲ ತೊಳೆಯಬೇಕಾಯಿತು. ಕುಪ್ಪಿಗೆ ನಾಲಿಗೆ ಇಟ್ಟರೆ ಪ್ರತಿ ಸಲವೂ ಉಪ್ಪು. ಎಂಟು ಸಲ ತೊಳೆದೆ, ಎಂಟು ಸಲ ನೋಡಿದೆ.

ಇವತ್ತು ಹುಡುಗಿಯರೆಲ್ಲ ಚೆರಿ ಕೊಂಬೆ ಕತ್ತರಿಸಿ ನೀರಲ್ಲಿಡುತ್ತಾರೆ. ಕ್ರಿಸ್ಮಸ್ಸಿಗೆ ಹೂ ಬಿಟ್ಟರೆ ಬರುವ ವರ್ಷ ಮದುವೆ. ನಾನು ಇಪ್ಪತ್ತೈದು ವರ್ಷದ ಹಿಂದೆಯೇ ಆ ಆಸೆ ಬಿಟ್ಟವಳು. ಇವತ್ತು ಯಾಕೋ ಒಂದು ಕೊಂಬೆ ತಂದಿಟ್ಟಿದ್ದೇನೆ. ಮದುವೆಗಲ್ಲ. ಆ ಹುಡುಗ ಬದುಕಿದ್ದಾನೋ ಇಲ್ಲವೋ ನೋಡೋಣ ಅಂತ.

ಡಿಸೆಂಬರ್ ೧೪

ಮೂರನೆಯ ಸಲ. ಸಲೊಮೇನಾ ಇವತ್ತು ಅರ್ಧದಲ್ಲೇ ಅಳು ನಿಲ್ಲಿಸಿ, ಕಿಟಕಿಯ ಗಾಜು ಎಷ್ಟು ಹಸಿರಾಗಿದೆ, ಇಷ್ಟು ದಿನ ಕಂಡೇ ಇರಲಿಲ್ಲ ಅಂದಳು. ಗುರುಗಳು ಹಿಗ್ಗಿದರು. ಮಗನ ಖಾಲಿ ಕುರ್ಚಿ ಕಣ್ಣಿಗೆ ಬೀಳುವುದೇ ನಿಂತಿದೆಯಂತೆ.

ನನಗೆ ಮಾತ್ರ ಕಾಲುವೆಯ ಕಡೆಯಿಂದ ಯಾರೋ ಬೂಟು ಎಳೆದುಕೊಂಡು ಬರುವ ಸದ್ದು ಕೇಳುತ್ತಿರುತ್ತದೆ. ಬಾಗಿಲು ತೆರೆದರೆ ಹಿಮ. ಕೋಣೆಯಲ್ಲಿ ಒದ್ದೆ ಬಲೆಯ ವಾಸನೆ. ನಾನು ಬಲೆ ಮುಟ್ಟಿದವಳೇ ಅಲ್ಲ.

ಡಿಸೆಂಬರ್ ೨೪

ಕೊಂಬೆಯಲ್ಲಿ ಮೂರು ಹೂ! ಬೆಳಗ್ಗೆ ಎದ್ದು ನೋಡಿದವಳು ಅಲ್ಲೇ ಮಂಡಿಯೂರಿದೆ. ಬದುಕಿದ್ದಾನೆ.

ಊಟಕ್ಕೆ ಬಾರ್ತೋಶನನ್ನು ಕರೆದಿದ್ದೆ. ಕಾರ್ಪ್ ಮೀನು ಹುರಿದೆ, ಹಿಟ್ಟಿನುಂಡೆಗೆ ಪ್ಲಮ್ ಹಣ್ಣಿನ ಪಾಕ ತುಂಬಿ ಬುಖ್ತಿ ರೊಟ್ಟಿ ಬೇಯಿಸಿದೆ. ದಾರಿಹೋಕನಿಗೆಂದು ಎಲ್ಲ ಮನೆಗಳಲ್ಲೂ ಒಂದು ತಟ್ಟೆ ಹೆಚ್ಚಿಗೆ ಇಡುತ್ತಾರಲ್ಲ, ಅದರಲ್ಲಿ ಬುಖ್ತಿ ಇಟ್ಟು, ಸುತ್ತಲಿನ ಗಟ್ಟಿ ಅಂಚನ್ನು ಬಿಡಿಸಿ ಬೇರೆ ಇಟ್ಟೆ.

"ಅದ್ಯಾಕೆ ಹಾಗೆ?" ಅಂದ ಬಾರ್ತೋಶ್.

"ಪ್ರೊಕೋಪ್ ಮೊದಲು ಅಂಚು ತಿಂತಾನೆ, ಆಮೇಲೆ ಪಾಕ" ಅಂದೆ.

"ಅವನಮ್ಮ ಅದನ್ನ ಹೇಳಿದ್ದು ನಾನು ಕೇಳ್ಲಿಲ್ಲ."

"ನಿನ್ನ ಕಿವಿ ಮಂದ. ಮೀನು ತಿನ್ನು" ಅಂದೆ. ಹೇಳಿಯೇ ಇರಬೇಕು. ಇಲ್ಲದಿದ್ದರೆ ನನಗೆ ಹೇಗೆ ಗೊತ್ತಾಗುತ್ತದೆ?

ಜನವರಿ ೬, ೧೫೯೬. ಮೂವರು ರಾಜರ ಹಬ್ಬ

ನಾಲ್ಕನೆಯ ಸಲವೂ ಆಯಿತು. ಸಲೊಮೇನಾಳ ಮೈ ತುಂಬಿಕೊಳ್ಳುತ್ತಿದೆ. ಬರುವಾಗ ಒಂದು ಮೂಟೆ ಹೊತ್ತು ತಂದಳು. ಮಗನ ಕೆಸರು ಬೂಟುಗಳು. "ಸುಮ್ನೆ ಜಾಗ ತಿಂತಿವೆ. ನಿಮ್ಮ ಮುದುಕನಿಗೆ ಆಗುತ್ತಾ ನೋಡಿ" ಅಂದಳು.

ನನ್ನ ಮೈ ಉರಿದುಹೋಯಿತು. "ಅವನು ಬಂದು ಕೇಳಿದ್ರೆ ಏನು ಹೇಳ್ತೀರಮ್ಮ?" ಅಂದೆ.

"ಯಾರು, ಪ್ರೊಕೋಪನಾ? ಬಂದ್ರೆ ಹೊಸದು ಹೊಲಿಸ್ಕೋತಾನೆ." ಅಷ್ಟು ಹೇಳಿ ಬಾಗಿಲ ಮೇಲೆ ಸೀಮೆಸುಣ್ಣದಲ್ಲಿ ಬರೆದ ಹಬ್ಬದ ಅಕ್ಷರ ಎಷ್ಟು ಚೆಂದ ಅಂತ ಹೊಗಳಿದಳು. ಮಗನ ಹೆಸರು ಹೇಳುವಾಗ ಅವಳ ಮುಖದ ಒಂದು ಗೆರೆಯೂ ಕದಲಲಿಲ್ಲ. ಎಂಥ ತಾಯಿ!

ಬೂಟುಗಳನ್ನು ಬಾರ್ತೋಶನಿಗೆ ಕೊಡಲಿಲ್ಲ. ನನ್ನ ಮಂಚದ ಕೆಳಗಿವೆ. ಎಣ್ಣೆ ಹಚ್ಚಿದ್ದೇನೆ. ಬಲಗಾಲಿನ ಹಿಮ್ಮಡಿ ಒಳಗಡೆಗೆ ಸವೆದಿದೆ. ಚಿಕ್ಕಂದಿನಿಂದಲೂ ಹಾಗೇ ನಡೆಯುತ್ತಾನೆ.

ಜನವರಿ ೨೦

ಗೂಡಿನಲ್ಲಿರುವ ಜಾಡಿಗಳಿಗೆ ತೇವ ಹತ್ತಿರಬಹುದು ಅಂತ ಮೇಣ ತೆಗೆದು ನೋಡಿದೆ. ನಾಲಿಗೆ ಇಟ್ಟೆ. ಕೆಟ್ಟಿಲ್ಲ.

ಪತ್ರ ಇಲ್ಲ.

ಜನವರಿ ೨೩

ಇನ್ನೊಮ್ಮೆ ನೋಡಿದೆ. ಕೆಟ್ಟಿಲ್ಲ. ಪತ್ರ ಇಲ್ಲ.

ಫೆಬ್ರವರಿ ೨. ಮೇಣಬತ್ತಿ ಹಬ್ಬ

ಬೂದು ಉಣ್ಣೆಯ ಕೈಗವಸು ಹೆಣೆಯುತ್ತಿದ್ದೇನೆ. ಹಂಗೇರಿಯ ಚಳಿಯಲ್ಲಿ ಕತ್ತಿ ಹಿಡಿಯುವ ಕೈ ಬಿರುಕು ಬಿಟ್ಟಿರುತ್ತದೆ. ಅಳತೆಗೆ ಕೈ ಬೇಡ, ನನಗೆ ಗೊತ್ತು. ಬಾರ್ತೋಶ್ ಬಂದು ಇದ್ದಿಲಿನ ಬುಟ್ಟಿ ಕೆಳಗಿಟ್ಟು ನೋಡುತ್ತಾ ನಿಂತ.

"ಯಾರಿಗೆ ತಾಯಿ?"

"ನಮ್ಮ ಪ್ರೊಕೋಪನಿಗೆ."

"ನಮ್ಮ ಪ್ರೊಕೋಪ! ಅವನನ್ನ ನೀನು ಒಂದು ದಿನ ಕಣ್ಣಲ್ಲಿ ಕಂಡಿದ್ದೀಯಾ? ನಿಂಗೆ ಯಾವಾಗ ಹುಟ್ಟಿದ ಅವನು?"

"ಎದ್ದು ಹೋಗು" ಅಂದೆ. ಹೋಗಲಿಲ್ಲ. ನನ್ನ ಎದುರು ಕುಕ್ಕರಗಾಲಲ್ಲಿ ಕೂತು, "ವೋರ್ಶಿಲಾ, ನೀನು ಸರಿಯಾಗಿ ಉಣ್ತಿಲ್ಲ. ಮೊದಲು ಆ ಹೆಂಗಸು ಹೇಗಿದ್ಲೋ ಹಾಗೇ ಆಗ್ತಿದ್ದೀಯ. ಗುರುಗಳಿಗೆ ಹೇಳ್ಲಾ?" ಅಂದ. ಹೇಳಿದರೆ ಅವನ ಜೊತೆ ಇನ್ನು ಮಾತಿಲ್ಲ ಅಂದೆ. ಮುದುಕ ಹೆದರಿದ. ಒಬ್ಬರಿಗೊಬ್ಬರು ಬಿಟ್ಟರೆ ನಮಗಿಬ್ಬರಿಗೂ ಮಾತಾಡಲು ಯಾರಿದ್ದಾರೆ?

ಅವನಿಗೇನು ತಿಳಿಯುತ್ತದೆ. ಪ್ರೊಕೋಪ್ ಭಯವಾದಾಗ ಬಾಯಿ ಮುಚ್ಚಿಕೊಂಡು ಮೂಗಿನಲ್ಲೇ ಹಾಡು ಗುನುಗುತ್ತಾನೆ. ಈಗ ಎಲ್ಲೋ ಒಂದು ಡೇರೆಯಲ್ಲಿ ಗುನುಗುತ್ತಿರುತ್ತಾನೆ. ಅದನ್ನು ಕೇಳಿ, ಓ ಹೆದರಿದ್ದೀಯಾ ಮಗಾ ಅನ್ನುವವರು ಅಲ್ಲಿ ಯಾರೂ ಇಲ್ಲ.

ಫೆಬ್ರವರಿ ೨೬

ಏಳನೆಯ ಸಲ, ಕೊನೆಯದು. ಸಲೊಮೇನಾ ಗುರುಗಳಿಗೆ ಒಂದು ಜೊತೆ ಬಾತುಕೋಳಿ ತಂದುಕೊಟ್ಟು ನಗುನಗುತ್ತಾ ಹೋದಳು. ಕುಪ್ಪಿಯಲ್ಲಿ ಒಂದು ಚಿಟಿಕೆ ಉಪ್ಪು. ಅದನ್ನು ಜಾಡಿಗೆ ಹಾಕಲೂ ಇಲ್ಲ.

ಅಲ್ಲೇ ಬೆರಳಿನಿಂದ ತೆಗೆದು ನೆಕ್ಕಿದೆ. ಬರೆಯುತ್ತಿದ್ದೇನೆ, ಯಾರೂ ಓದುವುದಿಲ್ಲವಲ್ಲ.

ಮಾರ್ಚ್ ೧೯. ಸಂತ ಯೋಸೇಫನ ದಿನ

ಮಂಜು ಕರಗಿದೆ, ಕಾಲುವೆ ಹರಿಯುತ್ತಿದೆ. ಜಾಡಿ ಚೆಲ್ಲಿದೆಯಾ ಅಂತ ಗುರುಗಳು ಕೇಳಿದರು. ಹೂಂ ಅಂದೆ. ಅವರಿಗೆ ನಾನು ಹೇಳಿದ ಮೊದಲ ಸುಳ್ಳು.

ಹಂಗೇರಿಯಿಂದ ವಾಪಸು ಬರುವ ಸಿಪಾಯಿಗಳು ಊರ ಮೇಲೆ ಹಾದುಹೋಗುತ್ತಿದ್ದಾರೆ. ದಿನಾ ಕೋಟೆ ಬಾಗಿಲಲ್ಲಿ ನಿಂತು ಕೇಳುತ್ತೇನೆ: ಎಡಗಿವಿ ಹರಿದವನು, ಇಪ್ಪತ್ತೆರಡು ವರ್ಷ, ಮೂಗಿನಲ್ಲಿ ಹಾಡುತ್ತಾನೆ. ಒಬ್ಬ ಕುಂಟ ಸಿಪಾಯಿ, "ನಿಮ್ಮ ಮಗನಾ ತಾಯಿ?" ಅಂದ. ಹೌದು ಅಂದೆ. ಹೇಳಿದ ಮೇಲೆ ಎದೆ ಎಷ್ಟು ತಣ್ಣಗಾಯಿತೆಂದರೆ ಮನೆಯವರೆಗೆ ಅಳುತ್ತಲೇ ಬಂದೆ. ಜನ ನೋಡಿದರು. ನೋಡಿಕೊಳ್ಳಲಿ.

ಏಪ್ರಿಲ್ ೧೬. ಈಸ್ಟರ್ ಮುಗಿದು ಎರಡನೆಯ ದಿನ

ಬಂದ.

ಅಕ್ಷರ ಮತ್ತೆ ಕೋಳಿ ಕೆದಕಿದ ಹಾಗಾಗುತ್ತಿದೆ.

ಬೆಳಗ್ಗೆ ಕುಪ್ಪಿಗಳನ್ನು ಬಿಸಿಲಿಗಿಡುತ್ತಿದ್ದೆ. ಹೆಜ್ಜೆ ಕೇಳಿಸಿತು. ನಾಲ್ಕು ತಿಂಗಳಿಂದ ಕೇಳುತ್ತಿದ್ದ ಅದೇ ಹೆಜ್ಜೆ, ಬಲಗಾಲು ಒಳಗಡೆಗೆ. ತಿರುಗಿ ನೋಡಿದರೆ ಬಾಗಿಲಲ್ಲಿ ನಿಂತಿದ್ದಾನೆ. ಎಲುಬು ಕಾಣುವಷ್ಟು ತೆಳ್ಳಗಾಗಿದ್ದಾನೆ. ಗಡ್ಡ ಬಿಟ್ಟಿದ್ದಾನೆ. ಎಡಗೈಯ ಕೊನೆಯ ಎರಡು ಬೆರಳು ಇಲ್ಲ. ನನ್ನ ಕೈಯಲ್ಲಿದ್ದ ಕುಪ್ಪಿ ಬಿದ್ದು ಒಡೆಯಿತು. ಹದಿನೆಂಟು ವರ್ಷದಲ್ಲಿ ನಾನು ಒಡೆದ ಮೊದಲ ಕುಪ್ಪಿ.

"ಪ್ರೊಕೋಪ್" ಅಂದೆ.

ಅವನು ನನ್ನನ್ನು ನೋಡಿದ. ಒಳ್ಳೆಯ ಮನೆತನದ ಹುಡುಗ, ಟೋಪಿ ತೆಗೆದ. "ಕ್ಷಮಿಸಿ, ನೀವು ಯಾರು ಅಂತ ಗೊತ್ತಾಗ್ಲಿಲ್ಲ" ಅಂದ.

ಅವನು ಹೇಳಿದ್ದು ಸರಿಯೇ. ನಾನು ಯಾರು? ಬಾ, ಕೂತುಕೋ ಅಂದೆ. ಈಸ್ಟರಿಗೆ ಮಾಡಿದ್ದ ಬುಖ್ತಿ ಇತ್ತು, ಕೊಟ್ಟೆ. ಮೊದಲು ಅಂಚು ತಿಂದ. ಆಮೇಲೆ ಪಾಕ ತಿಂದ. ನಾನು ಒಲೆಯ ಕಡೆ ತಿರುಗಿ ನಿಂತೆ.

ಅವನು ನಿನ್ನೆ ಮನೆಗೆ ಬಂದನಂತೆ. ಸಲೊಮೇನಾ ಬಾಗಿಲು ತೆಗೆದು, "ಓ, ಬಂದ್ಯಾ? ಕೈ ತೊಳ್ಕೋ, ಸಾರು ಬಿಸಿ ಇದೆ" ಅಂದಳಂತೆ. ಅತಿಥಿಗಳ ಕೋಣೆಯಲ್ಲಿ ಹಾಸಿಗೆ ಹಾಕಿಸಿದಳಂತೆ. ಕೈಗೇನಾಯಿತು ಅಂತ ಕೇಳಿದಳಂತೆ. ಅವನು ಹೇಳತೊಡಗಿದರೆ ಅರ್ಧದಲ್ಲಿ, ಸಾರಿಗೆ ಉಪ್ಪು ಬೇಕಾ ಅಂದಳಂತೆ.

"ಬೈದಿದ್ರೆ ಸಹಿಸ್ತಿದ್ದೆ" ಅಂದ. "ಒಂದೂವರೆ ವರ್ಷ ಕೆಸರಲ್ಲಿ ಬಿದ್ಕೊಂಡು, ಅಮ್ಮ ಕಾಯ್ತಾ ಇದ್ದಾಳೆ ಅಂತ್ಲೇ ಜೀವ ಹಿಡಿದಿದ್ದೆ. ಈಗ ಅವಳ ಕಣ್ಣೊಳಗೆ ನಾನೇ ಇಲ್ಲ. ಅಕ್ಕಪಕ್ಕದವರು ನಿಮ್ಮ ಭಟ್ಟಿಮನೆ ಹೆಸರು ಹೇಳಿದ್ರು. ಏನು ಮಾಡಿದ್ರಿ ನಮ್ಮಮ್ಮನಿಗೆ?"

ಗುರುಗಳು ಕೋಟೆಗೆ ಹೋಗಿದ್ದರು, ನಾಳೆ ಬಾ ಅಂದೆ. ಹೋಗುವಾಗ ಮೂಗಿನಲ್ಲಿ ಏನೋ ಗುನುಗುತ್ತಿದ್ದ.

ಏಪ್ರಿಲ್ ೧೭

ಗುರುಗಳು ಅವನನ್ನು ಎದುರಿಗೆ ಕೂರಿಸಿಕೊಂಡು ಎಲ್ಲ ಹೇಳಿದರು. ತಲೆ ತಗ್ಗಿಸಿಕೊಂಡೇ ಹೇಳಿದರು. "ಆ ಉಪ್ಪನ್ನ ನೀರಲ್ಲಿ ಕರಗಿಸಿ ಕುಡಿಸಿದ್ರೆ ಹಂಬಲ ವಾಪಸ್ ಬರ್ತಿತ್ತು. ಆದ್ರೆ ಅದು ಕಾಲುವೆ ಸೇರಿ ತಿಂಗಳಾಯ್ತಪ್ಪ."

"ಸೇರಿಲ್ಲ ಗುರುಗಳೇ" ಅಂದೆ. ಅವನ ಮುಖ ನೋಡಲಾರದೆ ಬಾಯಿಂದ ಬಂದೇಬಿಟ್ಟಿತು. ಜಾಡಿಗಳನ್ನು ತಂದು ಮೇಜಿನ ಮೇಲಿಟ್ಟೆ. ಗುರುಗಳು ಒಂದೊಂದನ್ನೇ ಬಾಗಿಸಿ ನೋಡಿದರು. ಎಲ್ಲವೂ ಖಾಲಿ. ನನಗೇ ಆಶ್ಚರ್ಯವಾಯಿತು. ಇಷ್ಟೊಂದು ಸಲ ನೋಡಿದ್ದೆನೇ?

ಗುರುಗಳು ಕೈಯಲ್ಲಿದ್ದ ಜಾಡಿ ಕೆಳಗಿಟ್ಟರು. "ಕುಪ್ಪಿ ಶುದ್ಧವಾಯ್ತು ಅಂತ ನೀನು ಹೇಗೆ ತಿಳ್ಕೋತೀಯ ವೋರ್ಶಿಲಾ?"

"ನಾಲಿಗೆ ಇಟ್ಟು."

"ಹದಿನೆಂಟು ವರ್ಷದಿಂದ?"

"ಮತ್ತೆ? ಬೇರೆ ಹೇಗೆ ನೋಡೋದು?"

ಗುರುಗಳು ಬೆಂಚಿನ ಮೇಲೆ ಕುಸಿದು ಕೂತರು. ಅವರ ಪುಸ್ತಕಗಳಲ್ಲೆಲ್ಲ ಕುಪ್ಪಿಯ ಮೇಲೆ ಏರುವುದರ ಬಗ್ಗೆ ಬರೆದಿದೆಯಂತೆ, ತೊಳೆಯುವವಳ ಬಗ್ಗೆ ಒಂದು ಸಾಲೂ ಇಲ್ಲವಂತೆ. ಹುಡುಗನನ್ನು ಕಳಿಸಿ ಆಮೇಲೆ ನನಗೆ ಬಿಡಿಸಿ ಹೇಳಿದರು. ಸಲೊಮೇನಾಳ ಹಂಬಲ ಈಗ ನನ್ನಲ್ಲಿದೆ. ನನ್ನನ್ನು ಭಟ್ಟಿಯ ಮುಂದೆ ಕೂರಿಸಿದರೆ ಅದು ಮತ್ತೆ ಉಪ್ಪಾಗಿ ಇಳಿಯುತ್ತದೆ. ಅದನ್ನು ಅವಳಿಗೆ ಕುಡಿಸಬಹುದು.

"ಅದು ಹೋದ್ರೆ ನನಗೆ ಏನು ಉಳಿಯುತ್ತೆ ಗುರುಗಳೇ?"

"ಸಲೊಮೇನಾ ಅವನನ್ನ ಹೆತ್ತವಳು. ಹಂಬಲ ಹೋದ್ರೂ ಅವಳಿಗೆ ನೆನಪು ಉಳೀತು. ನಿನಗೆ ಅವನ ನೆನಪಿರೋದೇ ಆ ಉಪ್ಪಿನಿಂದ. ಅದು ಹೋದ್ರೆ ನಿನ್ನ ಪಾಲಿಗೆ ಅವನು ಬೀದೀಲಿ ಹೋಗೋ ಒಬ್ಬ ಹುಡುಗ." ಖಾಲಿ ಜಾಡಿಗಳನ್ನು ಬದಿಗೆ ಸರಿಸಿ, "ಬಲವಂತ ಇಲ್ಲ. ತಪ್ಪು ನನ್ನದು. ಚಳಿಯಲ್ಲಿ ಭಟ್ಟಿ ಹಚ್ಚಿದವನು ನಾನು" ಅಂದರು.

ಇಲ್ಲ ಅಂದೆ. ಆಗುವುದಿಲ್ಲ ಅಂದೆ. ಅವಳು ಬೇಡವೆಂದು ಚೆಲ್ಲಿಹೋದದ್ದು. ನಾನು ಎತ್ತಿಕೊಂಡೆ. ಈಗ ಅದು ನನ್ನದು.

ಏಪ್ರಿಲ್ ೧೯

ಪ್ರೊಕೋಪ್ ಈಗ ದಿನಾ ಮಧ್ಯಾಹ್ನ ಇಲ್ಲಿಗೇ ಬರುತ್ತಾನೆ. ಮನೆಯಲ್ಲಿ ಕೂರಲು ಆಗುವುದಿಲ್ಲವಂತೆ. ನಾನು ಬಡಿಸುತ್ತೇನೆ, ಅವನು ಉಣ್ಣುತ್ತಾನೆ. ಬೂಟುಗಳನ್ನು ಕೊಟ್ಟೆ. ಎಣ್ಣೆ ಹಚ್ಚಿದ್ದನ್ನು ಬೆರಳಿನಿಂದ ಸವರಿ ನೋಡಿ ಅಲ್ಲೇ ಹಾಕಿಕೊಂಡ. ನನ್ನನ್ನು ಚಿಕ್ಕಮ್ಮ ಅಂತ ಕರೆಯಲು ಶುರುಮಾಡಿದ್ದಾನೆ.

ನನ್ನ ಜೀವಮಾನದಲ್ಲಿ ಇಷ್ಟು ಸಂತೋಷ ನಾನು ಕಂಡಿಲ್ಲ. ಇದಕ್ಕೆ ಹೆಸರೇ ಬೇಡ. ಹೀಗೇ ಇದ್ದರೆ ಸಾಕು. ಕೈಗವಸಿನ ಎಡಗೈಯನ್ನು ಅರ್ಧ ಬಿಚ್ಚಿ, ಕೊನೆಯ ಎರಡು ಬೆರಳು ತೆಗೆದು, ಆ ಜಾಗ ಹೊಲಿದು ಮುಚ್ಚುತ್ತಿದ್ದೇನೆ. ಇನ್ನೂ ಅವನಿಗೆ ತೋರಿಸಿಲ್ಲ.

ಏಪ್ರಿಲ್ ೨೨

ಇವತ್ತು ತಟ್ಟೆ ಮುಂದಿಟ್ಟುಕೊಂಡು ಸುಮ್ಮನೆ ಕೂತಿದ್ದ.

"ಯಾಕಪ್ಪ, ರುಚಿಯಾಗಿಲ್ವಾ?"

"ಅದೇ ಚಿಕ್ಕಮ್ಮ, ರುಚಿ ಹಾಗೇ ಇದೆ. ಅಮ್ಮನ ಕೈಯದೇ. ನೀವು ನನ್ನ ನೋಡೋದೂ ಅವಳು ನೋಡ್ತಿದ್ದ ಹಾಗೇ. ಎಷ್ಟು ಒಳ್ಳೆಯವರು ನೀವು. ಆದ್ರೆ ಇಲ್ಲಿ ಪ್ರತಿ ತುತ್ತಿಗೂ ಅವಳೇ ನೆನಪಾಗ್ತಾಳೆ. ಮನೆಗೆ ಹೋದ್ರೆ ಅವಳು ಇರ್ತಾಳೆ, ಆದ್ರೆ ಇರಲ್ಲ." ತಟ್ಟೆ ಸರಿಸಿ, "ಮುಂದಿನ ವಾರ ಒಂದು ದಂಡು ಹೊರಡುತ್ತಂತೆ. ಮತ್ತೆ ಸೇರ್ಕೊಳ್ತೀನಿ. ಅಲ್ಲಿದ್ರೆ ಅಮ್ಮ ಕಾಯ್ತಿದ್ದಾಳೆ ಅಂತಾದ್ರೂ ಅಂದ್ಕೋಬಹುದು" ಅಂದ.

"ಹೋಗಬೇಡ" ಅಂದೆ. ಜೋರಾಗಿಯೇ ಅಂದೆ. ಅವನು ನನ್ನ ಕೈ ತಟ್ಟಿದ, ವಯಸ್ಸಾದವರ ಕೈ ತಟ್ಟುವ ಹಾಗೆ. ಅಳುತ್ತಿದ್ದುದು ನಾನು. ಅವನು ಮೂಗಿನಲ್ಲಿ ಗುನುಗುತ್ತಿದ್ದ.

ಮಗ ಹೆದರಿದ್ದಾನೆ. ನನಗೆ ಗೊತ್ತಾಗುತ್ತಿದೆ. ನಾನು ಮಾಡಬೇಕಾದ್ದೂ ಗೊತ್ತಿದೆ. ಗೊತ್ತಿಲ್ಲದಿದ್ದರೆ ಎಷ್ಟು ಚೆನ್ನಾಗಿತ್ತು ದೇವರೇ.

ಏಪ್ರಿಲ್ ೨೪. ಸಂತ ಯೀರಿಯ ದಿನ

ಚಳಿಗೆ ಮುಚ್ಚಿಕೊಂಡ ಭೂಮಿ ಇವತ್ತು ಬಾಯಿ ತೆರೆಯುತ್ತದೆ ಅನ್ನುತ್ತಾರೆ. ಬಾರ್ತೋಶ್ ಒಲೆ ಹಚ್ಚಿದ್ದಾನೆ. ಇದ್ದಿಲಿನ ಹೊಗೆ ಹೆಚ್ಚಾಯಿತು ಅಂತ ಆಗಾಗ ಕಣ್ಣೊರೆಸಿಕೊಳ್ಳುತ್ತಿದ್ದಾನೆ, ಒಲೆಯಲ್ಲಿ ಹೊಗೆಯೇ ಇಲ್ಲ. ಏಳು ಸಲ ಬೇಡವಂತೆ, ನನಗೆ ಒಂದೇ ಸಲ ಸಾಕಂತೆ.

ಮಡಿಲಲ್ಲಿ ಪ್ರೊಕೋಪನದೊಂದು ವಸ್ತು ಇಟ್ಟುಕೊಳ್ಳಬೇಕು. ಅವನದು ಅಂತ ನನ್ನ ಹತ್ತಿರ ಏನಿದೆ? ಬೂಟು ಕೊಟ್ಟುಬಿಟ್ಟೆ. ಕೈಗವಸು ಅವನು ಇನ್ನೂ ಹಾಕಿಯೇ ಇಲ್ಲ. ಅದನ್ನೇ ಇಟ್ಟುಕೊಳ್ಳುತ್ತೇನೆ.

ಈ ಹಾಳೆಗಳನ್ನು ದಾರದಲ್ಲಿ ಕಟ್ಟಿ ಬಾರ್ತೋಶನ ಕೈಗೆ ಕೊಡುತ್ತೇನೆ. "ನಾನು ಕೇಳಿದ್ರೂ ಕೊಡಬೇಡ" ಅಂದಿದ್ದೇನೆ. "ನೀನು ಕೇಳ್ತೀಯಾ ವೋರ್ಶಿಲಾ?" ಅಂದ. ಇಲ್ಲ, ಕೇಳುವುದಿಲ್ಲ. ಅದೇ ಅಲ್ಲವೇ ಕಷ್ಟ. ಹಂಬಲ ಹೋದಮೇಲೆ, ಅದು ಹೋಯಿತಲ್ಲಾ ಎಂಬ ಕೊರಗೂ ಉಳಿಯುವುದಿಲ್ಲ.

ಪ್ರೊಕೋಪ್, ಮಗಾ, ನಾನು ನಿನ್ನನ್ನು ಎತ್ತಿ ಆಡಿಸಲಿಲ್ಲ. ನಿನ್ನ ಕಿವಿ ಹರಿದಾಗ ರಕ್ತ ಒರೆಸಿದ್ದು ನಾನಲ್ಲ. ಆದರೂ ಒಂದು ಚಳಿಗಾಲ ಪೂರ್ತಿ ನಿನ್ನನ್ನು ಕಾದವಳು ನಾನೇ, ಬೇರೆ ಯಾರೂ ಕಾಯಲಿಲ್ಲ. ಇಷ್ಟು ನಿಜ. ಗುರುಗಳು ಕರೆಯುತ್ತಿದ್ದಾರೆ.

ಮೇ ೩

ಹೊಸ ಹಾಳೆ ತೆಗೆದುಕೊಂಡೆ. ಹಳೆಯ ಕಟ್ಟು ಎಲ್ಲಿ ಹೋಯಿತೋ ಕಾಣೆ. ಅದರಲ್ಲಿ ಇರುವುದೂ ಅಷ್ಟರಲ್ಲೇ ಇದೆ, ಕುಪ್ಪಿ ತೊಳೆದದ್ದು, ಬಾರ್ತೋಶನ ಜೊತೆ ಜಗಳವಾಡಿದ್ದು. ಹೋದ ವಾರ ಮೈಗೆ ಹುಷಾರಿರಲಿಲ್ಲ, ಗುರುಗಳು ಭಟ್ಟಿಯ ಮುಂದೆ ಕೂರಿಸಿ ಏನೋ ಇಳಿಸಿದರು. ಈಗ ಚೆನ್ನಾಗಿ ಹಸಿವಾಗುತ್ತಿದೆ. ಇನ್ನು ಮೇಲೆ ಕುಪ್ಪಿಗೆ ನಾಲಿಗೆ ಇಡಬಾರದೆಂದು ಅಪ್ಪಣೆಯಾಗಿದೆ. ನಗು ಬರುತ್ತದೆ, ಮತ್ತೆ ಹೇಗೆ ತೊಳೆಯುವುದೋ.

ಬೆಳಗ್ಗೆ ಮೀನುಕೆರೆ ಅಧಿಕಾರಿಯ ವಿಧವೆ ಸಲೊಮೇನಾ ಮಗನ ತೋಳು ಹಿಡಿದುಕೊಂಡು ಬೀದಿಯಲ್ಲಿ ಹೋಗುತ್ತಿದ್ದಳು. ಹತ್ತು ಹೆಜ್ಜೆಗೊಮ್ಮೆ ನಿಂತು ಅವನ ಮುಖ ಸವರುವುದು, ಅಳುವುದು. ಜನ ನೋಡುತ್ತಾರೆ ಅನ್ನುವುದೂ ಬೇಡವೇ!

ಪೆಟ್ಟಿಗೆ ಜಾಡಿಸುವಾಗ ಒಂದು ಜೊತೆ ಕೈಗವಸು ಸಿಕ್ಕಿತು. ಹೆಣಿಗೆ ನನ್ನದೇ. ಬಲಗೈ ಸರಿಯಾಗಿದೆ, ಎಡಗೈಗೆ ಮೂರೇ ಬೆರಳು. ನೂಲು ಸಾಲದೆ ಹೋಯಿತೋ ಏನೋ. ಬಿಚ್ಚಿ ಬೇರೆ ಏನಾದರೂ ಮಾಡೋಣವೆಂದು ಹೊಸ್ತಿಲ ಮೇಲೆ ಕೂತೆ. ಅಷ್ಟರಲ್ಲಿ ಆ ವಿಧವೆಯ ಮಗ ಬಂದ. ಅಮ್ಮ ಕಳಿಸಿದಳೆಂದು ಒಂದು ಬುಟ್ಟಿ ಬುಖ್ತಿ ತಂದಿದ್ದ. ಒಳ್ಳೆಯ ಹುಡುಗ. ನಾನು ಬಿಚ್ಚುತ್ತಿದ್ದುದನ್ನು ನೋಡಿ, "ಬಿಚ್ಚಬೇಡಿ" ಅಂದ. ಎಡಗೈ ಚಾಚಿದ. ನೋಡಿದರೆ ಅವನಿಗೂ ಎರಡು ಬೆರಳಿಲ್ಲ! ಹಾಕಿಕೊಂಡ. ಹೇಳಿ ಹೆಣಿಸಿದ ಹಾಗೆ ಕೂತಿತು.

"ಒಯ್ಯಪ್ಪ, ಹೇಗೂ ನನಗೆ ಉಪಯೋಗವಿಲ್ಲ" ಅಂದೆ.

ಅವನು ಕೈಗವಸು ಹಾಕಿದ ಕೈಯಲ್ಲೇ ನನ್ನ ಕೈ ಹಿಡಿದು ಹಣೆಗೆ ಒತ್ತಿಕೊಂಡ. ಬಿಡಲೇ ಇಲ್ಲ. ಕಣ್ಣಲ್ಲಿ ನೀರು. ಯುದ್ಧದಿಂದ ಬಂದವರ ಮನಸ್ಸು ಮೆತ್ತಗಾಗಿರುತ್ತದೆ, ಪಾಪ. ಹೊರಡುವಾಗ,

"ಬರ್ತೀನಿ ಚಿಕ್ಕಮ್ಮ" ಅಂದ.

ನನಗೆ ಅಕ್ಕನೂ ಇಲ್ಲ, ತಂಗಿಯೂ ಇಲ್ಲ. ಎಲ್ಲಿಯ ಚಿಕ್ಕಮ್ಮ! ಬಾರ್ತೋಶನಿಗೆ ಹೇಳಿ ನಗೋಣವೆಂದರೆ ಆ ಮುದುಕ ಮುಖ ತಿರುಗಿಸಿಕೊಂಡು ಇದ್ದಿಲು ಒಡೆಯುತ್ತಾ ಕೂತ. ಬುಟ್ಟಿಯಿಂದ ಒಂದು ಬುಖ್ತಿ ತೆಗೆದು ತಿಂದೆ. ಚೆನ್ನಾಗಿತ್ತು. ಅಂಚನ್ನು ಯಾಕೋ ಬಿಡಿಸಿ ತಟ್ಟೆಯ ಪಕ್ಕದಲ್ಲಿಟ್ಟಿದ್ದೆ. ಹಾಗೇ ಉಳಿದಿದೆ.